ರೊಟ್ಟಿ ಬಡಿಯುವ ಸಪ್ಪಳ ಎಲ್ಲಿಗೂ ಹೋಗಿಲ್ಲ

ಸಂಪಾದಕರಿಗೆ ನಮಸ್ಕಾರ.

ಹೋದ ವಾರ ನಿಮ್ಮ ಓದುಗರ ಅಂಕಣದಲ್ಲಿ ನಮ್ಮ ಊರಿನ ಹಿರಿಯರೊಬ್ಬರ ಪತ್ರ ಬಂದಿತ್ತು. ಈಗಿನ ಹೆಣ್ಣುಮಕ್ಕಳಿಗೆ ರೊಟ್ಟಿ ಬಡಿಯಲು ಬರುವುದಿಲ್ಲ, ಸಂಜೆ ಹೊತ್ತು ಓಣಿಯಲ್ಲಿ ನಡೆದು ಹೋದರೆ ಮೊದಲಿನ ಹಾಗೆ ರೊಟ್ಟಿ ಬಡಿಯುವ ಸಪ್ಪಳ ಕೇಳುವುದಿಲ್ಲ, ಎಲ್ಲರೂ ಅಂಗಡಿಯಿಂದ ಕಟ್ಟು ಕಟ್ಟು ಖಡಕ್ ರೊಟ್ಟಿ ತಂದು ತಿನ್ನುತ್ತಿದ್ದಾರೆ, ಮನೆತನ, ಸಂಸ್ಕೃತಿ ಎಲ್ಲ ಹಾಳಾಯಿತು ಅಂತ ಬರೆದಿದ್ದರು. ಬರವಣಿಗೆ ಚೆನ್ನಾಗಿತ್ತು. ನಾನು ಎರಡು ಸಲ ಓದಿದೆ. ಎರಡನೇ ಸಲ ಓದುವಾಗ ಹಂಚಿನ ಮೇಲಿದ್ದ ರೊಟ್ಟಿ ಸೀದು ಹೋಯಿತು.

ಆ ಹಿರಿಯರ ಮೇಲೆ ನನಗೆ ಸಿಟ್ಟಿಲ್ಲ. ಆ ಸಪ್ಪಳ ನನಗೂ ಇಷ್ಟ. ಆದರೆ ಅವರು ಅದನ್ನು ಪಡಸಾಲೆಯಲ್ಲಿ ಕೂತು ಕೇಳಿದವರು, ನಾನು 33 ವರ್ಷದಿಂದ ಆ ಸಪ್ಪಳ ಮಾಡುತ್ತಾ ಬಂದವಳು. ಒಳಗೆ ಕೂತರೆ ಅದು ಹೇಗೆ ಕೇಳುತ್ತದೆ ಅಂತ ಸ್ವಲ್ಪ ಹೇಳಬೇಕು ಅನ್ನಿಸಿತು.

ಗೋಧಿ ಹಿಟ್ಟಿಗೆ ಇರುವ ಜಿಗಿ ಜೋಳದ ಹಿಟ್ಟಿಗಿಲ್ಲ. ಅದಕ್ಕೇ ನೀರು ಕುದಿಸಿ ಹಿಟ್ಟಿಗೆ ಹಾಕಿ, ಕೈ ಸುಡುತ್ತಿರುವಾಗಲೇ ನಾದಬೇಕು. ಹಿಟ್ಟು ಹಳೆಯದಾದರೆ ಎಷ್ಟು ನಾದಿದರೂ ಅಂಚು ಬಿರಿಯುತ್ತದೆ. ಉಂಡಿ ಮಾಡಿ, ಒಣ ಹಿಟ್ಟು ಉದುರಿಸಿ, ತಿರುಗಿಸುತ್ತಾ ಬಡಿಯಬೇಕು. ನಡುವೆ ತೆಳ್ಳಗಾಗಿ ಅಂಚು ದಪ್ಪ ಉಳಿದರೆ ಅದು ರೊಟ್ಟಿಯಲ್ಲ. ಎತ್ತಿ ಹಂಚಿಗೆ ಹಾಕುವಾಗ ಹರಿಯಬಾರದು. ಮೇಲೆ ಒದ್ದೆ ಅರಿವೆಯಿಂದ ನೀರು ಸವರಬೇಕು, ಆ ನೀರು ಆರುವ ಮುಂಚೆ ತಿರುವಿದರೆ ಹಂಚಿಗೆ ಅಂಟುತ್ತದೆ, ತಡ ಮಾಡಿದರೆ ಬಿರುಕು ಬಿಡುತ್ತದೆ. ಇಷ್ಟನ್ನೂ ಮೇ ತಿಂಗಳಲ್ಲಿ, ಹೊರಗೆ 43 ಡಿಗ್ರಿ ಇರುವಾಗ ಮಾಡಬೇಕು. ನಮ್ಮ ಮನೆಯ ಕೂಲರ್ ಇರುವುದು ಪಡಸಾಲೆಯಲ್ಲಿ. ಅಡುಗೆಮನೆಯಲ್ಲಿ ಫ್ಯಾನು ಹಾಕಿದರೆ ಗ್ಯಾಸಿನ ಉರಿ ಅಲುಗಾಡುತ್ತದೆ, ಅದಕ್ಕೆ ಅದನ್ನು ಹಾಕುವುದೇ ಇಲ್ಲ. ಕಲಬುರಗಿಯ ಬಹಳ ಮನೆಗಳಲ್ಲಿ ಹೀಗೇ ಇದೆ, ಬೇಕಾದರೆ ನಿಮ್ಮ ಮನೆಯಲ್ಲೂ ಒಮ್ಮೆ ನೋಡಿಕೊಳ್ಳಿ.

ನಮ್ಮ ಅತ್ತೆಗೆ ಈಗ 81 ವರ್ಷ. ಆಳಂದ ತಾಲೂಕಿನ ಹಳ್ಳಿಯಲ್ಲಿ ಸಂಸಾರ ಮಾಡಿದವರು. ಅವರ ಕಾಲದಲ್ಲಿ ಬಡಿಯುವುದಕ್ಕಿಂತ ಮುಂಚೆ ಬೀಸುವ ಕೆಲಸ ಇತ್ತು. ಕೋಳಿ ಕೂಗುವ ಮುಂಚೆ ಎದ್ದು ಬೀಸುಕಲ್ಲಿನ ಮುಂದೆ ಕೂತರೆ, ಮನೆಯ ಹನ್ನೊಂದು ಮಂದಿಗೆ ಅವತ್ತಿನ ಹಿಟ್ಟು ಆಗುವಷ್ಟರಲ್ಲಿ ಬೆಳಕು ಹರಿಯುತ್ತಿತ್ತಂತೆ. ಬೀಸುವ ಪದಗಳನ್ನು ಈಗ ಜಾನಪದ ಅಂತ ವೇದಿಕೆ ಮೇಲೆ ಮೈಕ್ ಹಿಡಿದು ಹಾಡುತ್ತಾರೆ. ಒಂದು ಸಲ ಟಿವಿಯಲ್ಲಿ ಅಂಥದ್ದು ಬಂದಾಗ ಅತ್ತೆ ಸ್ವಲ್ಪ ಹೊತ್ತು ನೋಡಿ, "ನಿದ್ದಿ ಬರಬಾರದಂತ ಹಾಡ್ತಿದ್ವಿ ನಾವು" ಅಂತ ಹೇಳಿ ಎದ್ದು ಹೋದರು. ಊರಿಗೆ ಹಿಟ್ಟಿನ ಗಿರಣಿ ಬಂದಾಗ ನಮ್ಮ ಮಾವ, ಗಿರಣಿ ಹಿಟ್ಟಿಗೆ ರುಚಿ ಇಲ್ಲ ಅಂತ ಒಂದು ತಿಂಗಳು ಮುಖ ಗಂಟಿಕ್ಕಿಕೊಂಡಿದ್ದರಂತೆ. "ರುಚಿ ಹೋದ್ರ ಹೋಗ್ಲಿ, ನನ್ನ ರಟ್ಟಿ ಉಳೀತು" ಅಂತ ಅತ್ತೆ ಈಗಲೂ ನಗುತ್ತಾರೆ. ಪತ್ರ ಬರೆದ ಹಿರಿಯರು ಅಂಗಡಿ ರೊಟ್ಟಿ ಬಗ್ಗೆ ಹೇಳಿದ್ದನ್ನು ಓದಿದಾಗ ನನಗೆ ಮಾವನೇ ನೆನಪಾದರು.

ಆದರೆ ಒಂದು ಮಾತು ಒಪ್ಪಿಕೊಳ್ಳುತ್ತೇನೆ. ಅತ್ತೆಯ ಮನೆಗೆಲಸಕ್ಕೆ ನನ್ನ ಮನೆಗೆಲಸಕ್ಕಿಲ್ಲದ ಒಂದು ತೂಕ ಇತ್ತು. ಹಗೇವಿನಲ್ಲಿ, ಅಂದರೆ ನೆಲದಡಿಯ ಕಾಳಿನ ಕಣಜದಲ್ಲಿ, ಎಷ್ಟು ಚೀಲ ಜೋಳ ಇದೆ, ತೊಗರಿ ಎಷ್ಟು ಬೀಜಕ್ಕೆ ಇಡಬೇಕು, ಎಷ್ಟು ಮಾರಬೇಕು, ಆಳಿಗೆ ಎಷ್ಟು ಸೇರು ಅಳೆದು ಕೊಡಬೇಕು, ಯಾವ ಎಮ್ಮೆ ಕರುವಿಗೆ ಹಾಲು ಬಿಡಬೇಕು, ಎಲ್ಲ ಅವರಿಗೆ ಗೊತ್ತಿತ್ತು. ಮಾವ ಸಂತೆಗೆ ಹೋಗುವ ಮುಂಚೆ ಅವರನ್ನು ಕೇಳಿಯೇ ಹೋಗುತ್ತಿದ್ದರು. ಅದು ಕಾರಭಾರ. ನಾವು ಊರು ಬಿಟ್ಟು ಕಲಬುರಗಿಗೆ ಬಂದೆವು. ಜೋಳ ಕಿರಾಣಿ ಅಂಗಡಿಯಿಂದ ಬಂತು, ಹಾಲು ಪಾಕೀಟಿನಲ್ಲಿ ಬಂತು, ದುಡ್ಡು ಗಂಡಸರ ಪಗಾರದಲ್ಲಿ ಬಂತು. ಕಾರಭಾರ ಹೋಯಿತು, ಕೆಲಸ ಮಾತ್ರ ಉಳಿಯಿತು. ಹಳೆಯ ಮನೆತನ ಬೇಕು ಅನ್ನುವವರು ಬಹಳ ಸಲ ಈ ಅರ್ಧವನ್ನು ಮರೆತೇ ಮಾತಾಡುತ್ತಾರೆ. ರೊಟ್ಟಿ ಬೇಕು, ಸಪ್ಪಳ ಬೇಕು, ಹಗೇವಿನ ಲೆಕ್ಕ ಕೇಳುವ ಹೆಂಗಸು ಬೇಡ.

ನಮ್ಮ ಕಡೆ ಗಂಡಸರು ಹೆಂಡತಿಗೆ "ಮನ್ಯಾಗ" ಅಂತಾರೆ. "ಮನ್ಯಾಗ ಕೇಳಿ ಹೇಳ್ತೀನ್ರಿ" ಅಂದರೆ ಹೆಂಡತಿಯನ್ನು ಕೇಳಿ ಹೇಳುತ್ತೇನೆ ಅಂತ ಅರ್ಥ. ಹೆಂಡತಿ ಅಂದರೆ ಮನೆ, ಮನೆ ಅಂದರೆ ಹೆಂಡತಿ ಅನ್ನುವಷ್ಟು ಕೂಡಿಬಿಟ್ಟಿದೆ ಮಾತು. ಆದರೆ ಅದೇ ಶಬ್ದ ಬೇರೆ ಕಡೆ ಹೇಗೆ ಕೇಳುತ್ತದೆ ಅಂತ ನೋಡಿ.

ಹೋದ ವರ್ಷ, 2025ರ ಸೆಪ್ಟೆಂಬರ್ 22ರಿಂದ ಹಿಂದುಳಿದ ವರ್ಗಗಳ ಆಯೋಗದ ಸಮೀಕ್ಷೆ ನಡೆಯಿತಲ್ಲ, 60 ಪ್ರಶ್ನೆಗಳದ್ದು. ಆಗ ಇಲ್ಲಿ ಮಳೆಯೋ ಮಳೆ, ಭೀಮಾ ನದಿ ತುಂಬಿ ಹರಿದು ಎಷ್ಟೋ ಊರುಗಳಲ್ಲಿ ತೊಗರಿ ನೀರಲ್ಲಿ ನಿಂತಿತ್ತು. ಅಂಥ ದಿನ ಒಬ್ಬ ಟೀಚರು, ಮೂವತ್ತೈದರ ಆಸುಪಾಸಿನ ಹೆಣ್ಣುಮಗಳು, ಕೊಡೆ ಮಡಚುತ್ತಾ ನಮ್ಮ ಮನೆಗೆ ಬಂದರು. ಮೊಬೈಲಿನಲ್ಲಿ ಒಂದೊಂದೇ ಕೇಳುತ್ತಾ ಹೋದರು. ನೆಟ್‌ವರ್ಕ್ ಬರುತ್ತಿತ್ತು, ಹೋಗುತ್ತಿತ್ತು. ಪಡಸಾಲೆಯಲ್ಲಿ ಉತ್ತರ ಹೇಳಲು ನನ್ನ ಮಗ ಕೂತಿದ್ದ. ನಾನು ಒಳಗೆ ಚಹಾ ಸೋಸುತ್ತಿದ್ದೆ.

"ತಾಯಿ ಏನ್ ಮಾಡ್ತಾರ್ರಿ?"

"ಅವ್ವ ಏನಿಲ್ರಿ, ಮನ್ಯಾಗೇ ಇರ್ತಾರ."

ಮಗ ಒಳ್ಳೆಯವನು. ಅವನಿಗೆ ನನ್ನನ್ನು ಕೀಳು ಮಾಡುವ ಉದ್ದೇಶ ಬಿಲ್ಕುಲ್ ಇರಲಿಲ್ಲ. ನಾನು ಚಹಾದ ತಾಟು ಹಿಡಿದು ಹೊರಗೆ ಬಂದೆ, ಟೀಚರು ನನ್ನ ಮುಖ ನೋಡಿದರು, ನಾನು ಅವರ ಮುಖ ನೋಡಿದೆ. ಏನೋ ಒತ್ತಿದರು, ಮುಂದಿನ ಪ್ರಶ್ನೆಗೆ ಹೋದರು. ಮಗ ಫೋನ್ ಬಂತು ಅಂತ ಹೊರಗೆ ಹೋದಾಗ ಅವರು ಮೆಲ್ಲಗೆ, "ಮುಂಜಾನಿ ನಾಕಕ್ಕ ಎದ್ದು ಇಪ್ಪತ್ತು ರೊಟ್ಟಿ ಮಾಡಿಟ್ಟು ಬಂದೀನ್ರಿ ಅಕ್ಕಾ, ದಸರಾ ರಜಾ ಅಂತ ಮಂದಿ ಎಲ್ಲಾ ಮನ್ಯಾಗದ" ಅಂದರು. ನೌಕರಿ ಇರುವ ಹೆಣ್ಣುಮಗಳು. ಅವರ ಮನೆಯ ಸಮೀಕ್ಷೆಗೆ ಯಾರಾದರೂ ಹೋದಾಗ ಉದ್ಯೋಗದ ಮುಂದೆ ಶಿಕ್ಷಕಿ ಅಂತ ಬರೆದಿರುತ್ತಾರೆ. ಆ ಇಪ್ಪತ್ತು ರೊಟ್ಟಿ ಅಲ್ಲೂ ಎಲ್ಲೂ ಬರೆದಿರುವುದಿಲ್ಲ.

ಅವತ್ತು ರಾತ್ರಿ ನಾನು ಮನೆಯವರ ಜೊತೆ ಕೂತು ಒಂದು ಲೆಕ್ಕ ಹಾಕಿದೆ. ನಮ್ಮ ಮನೆಯವರು ದಾಲ್ ಮಿಲ್ಲಿನಲ್ಲಿ ಲೆಕ್ಕ ಬರೆಯುತ್ತಾರೆ, ಹಾಗಾಗಿ ಅವರಿಗೆ ಲೆಕ್ಕ ಅಂದರೆ ಖುಷಿ. ದಿನಕ್ಕೆ ಸರಾಸರಿ 20 ರೊಟ್ಟಿ ಅಂತ ಹಿಡಿಯೋಣ ಅಂದೆ. ಮೊದಲು ಮನೆ ತುಂಬ ಜನ ಇದ್ದರು, ಈಗ ಕಡಿಮೆ, ಹಬ್ಬಕ್ಕೆ ಜಾಸ್ತಿ. 33 ವರ್ಷಕ್ಕೆ 2,40,900 ರೊಟ್ಟಿ. ನಮ್ಮ ಓಣಿಯ ಅಂಗಡಿಯಲ್ಲಿ ಒಂದಕ್ಕೆ 8 ರೂಪಾಯಿ. ಒಟ್ಟು 19,27,200 ಆಯಿತು. ಇವರು ಕನ್ನಡಕ ಸರಿ ಮಾಡಿಕೊಂಡು, "ಹಿಟ್ಟು, ಗ್ಯಾಸು ಕಳೀಬೇಕಲ್ಲ, ಅದು ಯಾರ ರೊಕ್ಕ?" ಅಂದರು. ಕಳೀರಿ ಅಂದೆ, ಅರ್ಧ ಕಳೀರಿ. 9,63,600 ಉಳಿಯಿತು. ಅದರಲ್ಲಿ ಪಲ್ಯ ಇಲ್ಲ, ಸಾರು ಇಲ್ಲ, ಶೇಂಗಾ ಹಿಂಡಿ ಇಲ್ಲ, ಮುಸುರಿ ಇಲ್ಲ, ಅತ್ತೆಯ ಮಂಡಿಗೆ ಎಣ್ಣೆ ಹಚ್ಚುವುದು ಇಲ್ಲ. ಬರೀ ರೊಟ್ಟಿ. "ಈಗ ಇದನ್ನ ನಿನಗ ಕೊಡಬೇಕೇನ?" ಅಂತ ಕೇಳಿದರು, ಸ್ವಲ್ಪ ಗಾಬರಿಯಿಂದಲೇ.

ಕೊಡಬೇಕು ಅಂತ ನಾನು ಕೇಳಲಿಲ್ಲ. ನಾನು ಕೇಳಿದ್ದು ಬೇರೆ. ಮಿಲ್ಲಿನಲ್ಲಿ ತೊಗರಿ ಒಡೆದಾಗ ಬೇಳೆ ಒಂದು ಕಡೆ, ನುಚ್ಚು ಒಂದು ಕಡೆ, ಹೊಟ್ಟು ಒಂದು ಕಡೆ ಆಗುತ್ತದೆ. ಹೊಟ್ಟು ದನಕ್ಕೆ ಹೋಗುತ್ತದೆ. ಅದನ್ನೂ ಇವರು ತೂಗಿಸಿ ಬರೆಯುತ್ತಾರೆ, ಬರೆಯದಿದ್ದರೆ ಮಾಲೀಕರು ಬಿಡುವುದಿಲ್ಲ. ಹೊಟ್ಟಿಗೂ ಪುಸ್ತಕದಲ್ಲಿ ಒಂದು ಸಾಲು ಇದೆ ಅಲ್ವಾ ಅಂದೆ. ಇವರು ಏನೂ ಹೇಳಲಿಲ್ಲ. ಹಾಳೆ ಮಡಚಿ ಅಂಗಿಯ ಜೇಬಿನಲ್ಲಿ ಇಟ್ಟುಕೊಂಡರು, ಯಾಕೋ ಗೊತ್ತಿಲ್ಲ.

ಇದು ನಮ್ಮ ಮನೆಯ ಕಥೆ ಮಾತ್ರ ಅಲ್ಲ. ಕೇಂದ್ರ ಸರ್ಕಾರ ದೇಶದ ತುಂಬ ಮಂದಿ ದಿನದ ಸಮಯ ಹೇಗೆ ಕಳೆಯುತ್ತಾರೆ ಅಂತ 2019ರಲ್ಲಿ ಒಂದು ಸಮೀಕ್ಷೆ ಮಾಡಿತ್ತು, 2024ರಲ್ಲಿ ಮತ್ತೆ ಮಾಡಿತು. ಮನೆಯವರಿಗಾಗಿ ಸಂಬಳವಿಲ್ಲದೆ ಮನೆಗೆಲಸ ಮಾಡುವ ಹೆಂಗಸರು 2019ರಲ್ಲಿ ದಿನಕ್ಕೆ 299 ನಿಮಿಷ ಅದಕ್ಕೆ ಕೊಡುತ್ತಿದ್ದರು, 2024ರಲ್ಲಿ 289 ನಿಮಿಷ. ಗಂಡಸರದ್ದು 97 ಇದ್ದದ್ದು 88 ಆಯಿತು. ಐದು ವರ್ಷದಲ್ಲಿ ನಮ್ಮದು 10 ನಿಮಿಷ ಇಳಿಯಿತು ಅಂತ ಖುಷಿ ಪಡುವಷ್ಟರಲ್ಲಿ ಅವರೂ 9 ನಿಮಿಷ ಇಳಿಸಿಕೊಂಡಿದ್ದಾರೆ ನೋಡಿ. ಇನ್ನೊಂದು ವಿಷಯ, ಈ 88 ನಿಮಿಷ ಮನೆಗೆಲಸ ಮಾಡುವ ಗಂಡಸರ ಲೆಕ್ಕ. ಏನೂ ಮಾಡದವರು ಆ ಸರಾಸರಿಯಲ್ಲಿ ಸೇರಿಯೇ ಇಲ್ಲ, ಮತ್ತು ಅವರೇ ಜಾಸ್ತಿ ಇದ್ದಾರೆ.

ಈಗ ಹಿರಿಯರ ಪತ್ರಕ್ಕೆ ಬರುತ್ತೇನೆ. ಸಪ್ಪಳ ಎಲ್ಲಿಗೆ ಹೋಯಿತು ಅಂತ ಕೇಳಿದ್ದಾರೆ. ಎಲ್ಲಿಗೂ ಹೋಗಿಲ್ಲ. ನಮ್ಮ ಹಿಂದಿನ ಓಣಿಯಲ್ಲಿ ಒಂದು ತಗಡಿನ ಶೆಡ್ಡಿದೆ, ಅಲ್ಲಿ ಬೆಳಿಗ್ಗೆ ಆರಕ್ಕೆ ಹೋಗಿ ನಿಂತರೆ ಆರು ಮಂದಿ ಹೆಂಗಸರು ಒಟ್ಟಿಗೆ ಬಡಿಯುವುದು ಕೇಳುತ್ತದೆ, ಒಂದು ಕೈ ಅಲ್ಲ, ಹನ್ನೆರಡು ಕೈ. ನನ್ನ ನೆಗೆಣ್ಣಿ, ಅಂದರೆ ಮೈದುನನ ಹೆಂಡತಿ, ಅಲ್ಲಿಗೆ ಹೋಗುತ್ತಾಳೆ. ಕಲಬುರಗಿ ರೊಟ್ಟಿ ಅಂತ ಈಗ ಬ್ರ್ಯಾಂಡೇ ಆಗಿದೆ, ಸ್ವಸಹಾಯ ಸಂಘದ ಹೆಂಗಸರು ದಿನಕ್ಕೆ 3,000ಕ್ಕಿಂತ ಜಾಸ್ತಿ ರೊಟ್ಟಿ ಮಾಡುತ್ತಾರೆ ಅಂತ 2025ರ ಜೂನ್‌ನಲ್ಲಿ ಪ್ರಧಾನಿಗಳೇ ರೇಡಿಯೋದಲ್ಲಿ ಹೇಳಿದರು. ಅವತ್ತು ನಮ್ಮ ಮೈದುನ ಪೇಢಾ ತಂದು ಹಂಚಿದ. ಈಗ ನೆಗೆಣ್ಣಿಯನ್ನು ಸ್ಕೂಟರಿನಲ್ಲಿ ಬಿಟ್ಟು ಬರುತ್ತಾನೆ, ಮದುವೆ ಸೀಸನ್ನಿನಲ್ಲಿ ಆರ್ಡರ್ ಬಂದರೆ ಡಬ್ಬಿ ತಾನೇ ಹೊರುತ್ತಾನೆ. ಮೊದಲು ಇದೇ ಮನುಷ್ಯ ನೀರಿನ ಲೋಟ ಎತ್ತಿ ಇಟ್ಟವನಲ್ಲ. ನಿಜವಾಗಲೂ ಖುಷಿಯ ಸಂಗತಿ, ನಾನು ಕುಹಕ ಮಾಡುತ್ತಿಲ್ಲ.

ಆದರೆ ಅಲ್ಲಿ ನೂರು ರೊಟ್ಟಿ ಬಡಿದು ಬಂದ ನೆಗೆಣ್ಣಿ ರಾತ್ರಿ ಮನೆಗೆ ಮತ್ತೆ ಹದಿನೈದು ಬಡಿಯಬೇಕು. ಒಂದು ದಿನ ಕೈ ಸೋತು ಅಲ್ಲಿಯದೇ ರೊಟ್ಟಿ ತಂದು ತಾಟಿಗೆ ಹಾಕಿದಳು, ತಾನೇ ಬಡಿದದ್ದು, ಅದೇ ಜೋಳ, ಅದೇ ಕೈ. ಮೈದುನ ಒಂದು ತುತ್ತು ಮುರಿದು, "ಇದು ಅಂಗಡಿದಲ್ಲ?" ಅಂದ. ಆಮೇಲೆ ಸುಮ್ನೆ ಉಂಡು ಎದ್ದ, ಜಗಳ ಏನೂ ಆಗಲಿಲ್ಲ. ಮರುದಿನದಿಂದ ನೆಗೆಣ್ಣಿ ಮತ್ತೆ ಮನೆಯಲ್ಲೇ ಮಾಡುತ್ತಿದ್ದಾಳೆ.

ಇದೇ ರೊಟ್ಟಿಯನ್ನು ನಾವು ಮಠದ ಜಾತ್ರೆಗೆ ಓಣಿಯ ಹೆಂಗಸರೆಲ್ಲ ಕೂಡಿ ಬಡಿದು ಕಳಿಸುತ್ತೇವೆ. ಆಗ ಅದು ದಾಸೋಹ, ಸೇವೆ, ಮೈಕಿನಲ್ಲಿ ಹೆಸರು ಹೇಳಿ ಶಾಲು ಹೊದಿಸುತ್ತಾರೆ. ಶೆಡ್ಡಿನಲ್ಲಿ ಬಡಿದರೆ ಉದ್ಯೋಗ. ಮನೆಯಲ್ಲಿ ಬಡಿದರೆ "ಏನಿಲ್ರಿ". ನಾವು ಬಸವಣ್ಣನ ನೆಲದವರು, ಬಸವಕಲ್ಯಾಣ ಇಲ್ಲಿಂದ ಬಸ್ಸಿನಲ್ಲಿ ಎರಡು ತಾಸು. ಕಾಯಕ ಅನ್ನುವ ಶಬ್ದ ಇಲ್ಲದೆ ನಮ್ಮಲ್ಲಿ ಯಾವ ಭಾಷಣವೂ ಶುರುವಾಗುವುದಿಲ್ಲ. ಗಂಡ ಅವತ್ತಿಗೆ ಬೇಕಾದ್ದಕ್ಕಿಂತ ಜಾಸ್ತಿ ಅಕ್ಕಿ ತಂದಾಗ ಇದು ನಮಗೆ ಬೇಡ, ಹೋಗಿ ಸುರಿದು ಬಾ ಅಂದವಳು ಆಯ್ದಕ್ಕಿ ಲಕ್ಕಮ್ಮ. ಒಲೆಯ ಮುಂದೆ ಇರುವವಳಿಗೇ ಲೆಕ್ಕ ಗೊತ್ತಿತ್ತು. ಆ ಕಥೆ ಹೇಳುವ ಬಸವ ಜಯಂತಿಯ ದಿನ ಪೆಂಡಾಲಿನ ಹಿಂದೆ ಊಟಕ್ಕೆ ಬಡಿಯುತ್ತಾ ಕೂತವರಿಗೆ ಭಾಷಣ ಅರ್ಧ ಕೇಳುತ್ತದೆ, ಅರ್ಧ ಕೇಳುವುದಿಲ್ಲ.

ಗೃಹಲಕ್ಷ್ಮಿಯ ಬಗ್ಗೆಯೂ ಆ ಪತ್ರದಲ್ಲಿ ಒಂದು ಮಾತಿತ್ತು, ಕೂತಲ್ಲೇ ದುಡ್ಡು ಬರುತ್ತದೆ, ಹೆಂಗಸರು ಸೋಮಾರಿಗಳಾದರು ಅಂತ. 2023ರ ಆಗಸ್ಟ್‌ನಿಂದ ತಿಂಗಳಿಗೆ 2,000 ರೂಪಾಯಿ. ಬಂದರೆ ಬರುತ್ತದೆ, ಕೆಲವು ಸಲ ತಿಂಗಳುಗಟ್ಟಲೆ ತಡ. ರೇಷನ್ ಕಾರ್ಡಿನಲ್ಲಿ ಮನೆಯ ಯಜಮಾನಿ ಯಾರೋ ಅವರಿಗೆ. ನಮ್ಮಲ್ಲಿ ಅತ್ತೆಗೆ ಬರುತ್ತದೆ. ಅದಕ್ಕೆ ಶುರುವಿನಲ್ಲಿ ನನಗೂ ಅತ್ತೆಗೂ ನಾಲ್ಕು ದಿನ ಮಾತು ನಿಂತಿತ್ತು, ಸುಳ್ಳು ಯಾಕೆ ಹೇಳಲಿ. ಆದರೆ ಮೊದಲ ಸಲ ದುಡ್ಡು ಬಂದಾಗ ಆ ಮುದುಕಿ ಮೆಸೇಜನ್ನು ಮೊಮ್ಮಗನ ಹತ್ತಿರ ಮೂರು ಸಲ ಓದಿಸಿಕೊಂಡರು. ಆಮೇಲೆ ಫ್ರೀ ಬಸ್ಸಿನಲ್ಲಿ ಗಾಣಗಾಪುರಕ್ಕೆ ಹೋಗಿ ಬಂದರು, ತಮ್ಮ ದುಡ್ಡಿನಲ್ಲಿ ಎಲ್ಲರಿಗೂ ಪ್ರಸಾದ ತಂದರು. ಹಗೇವಿನ ಲೆಕ್ಕ ಕೈಬಿಟ್ಟು ಹೋದ ಎಷ್ಟೋ ವರ್ಷಕ್ಕೆ ಅವರ ಮುಖದಲ್ಲಿ ಆ ಕಾರಭಾರದ ಗತ್ತು ನೋಡಿದೆ ನಾನು. ಇದನ್ನು ಸೋಮಾರಿತನ ಅಂತ ಕರೆಯಲು ನನಗೆ ಆಗುವುದಿಲ್ಲ.

ಮನೆಗೆಲಸಕ್ಕೆ ಬೆಲೆ ಕಟ್ಟುವುದೇ ತಪ್ಪು, ಅದು ಪ್ರೀತಿ ಅಂತ ಹೇಳುವವರೂ ಇದ್ದಾರೆ. ಬೆಲೆ ಕಟ್ಟುತ್ತಾರೆ ಸ್ವಾಮಿ, ನಾವು ಸತ್ತ ಮೇಲೆ ಕಟ್ಟುತ್ತಾರೆ. ರಸ್ತೆ ಅಪಘಾತದಲ್ಲಿ ಗೃಹಿಣಿ ಸತ್ತರೆ ಪರಿಹಾರ ಎಷ್ಟು ಅಂತ ಕೋರ್ಟಿನಲ್ಲಿ ವಾದ ನಡೆಯುತ್ತದೆ. 2001ರಲ್ಲಿ ಸುಪ್ರೀಂ ಕೋರ್ಟ್ ಬೇರೊಂದು ದುರಂತದ ಪ್ರಕರಣದಲ್ಲಿ ಗೃಹಿಣಿಯ ದುಡಿಮೆಗೆ ತಿಂಗಳಿಗೆ 3,000 ರೂಪಾಯಿ ಅಂತ ಹಿಡಿದಿತ್ತು. 2021ರ ಜನವರಿಯಲ್ಲಿ ಇನ್ನೊಂದು ತೀರ್ಪು ಬಂತು, ಗೃಹಿಣಿಯ ಆದಾಯವನ್ನು ಲೆಕ್ಕಕ್ಕೆ ಹಿಡಿಯಲೇಬೇಕು ಅಂತ. 2011ರ ಜನಗಣತಿಯಲ್ಲಿ ಸುಮಾರು 16 ಕೋಟಿ ಹೆಂಗಸರು ಮನೆಗೆಲಸವೇ ನಮ್ಮ ಮುಖ್ಯ ಕೆಲಸ ಅಂದಿದ್ದರು, ಗಂಡಸರು 58 ಲಕ್ಷದಷ್ಟೂ ಇರಲಿಲ್ಲ ಅನ್ನುವುದು ಆ ತೀರ್ಪಿನಲ್ಲೇ ಇದೆ. ಉಸಿರಾಡುತ್ತಿರುವಾಗ ಏನಿಲ್ಲ, ಉಸಿರು ನಿಂತ ಮೇಲೆ ಇಷ್ಟು.

ಇಷ್ಟೆಲ್ಲ ಬರೆದವಳು ನಾನೇ ಒಂದು ತಪ್ಪು ಮಾಡಿದ್ದೇನೆ, ಅದನ್ನೂ ಹೇಳಿಬಿಡುತ್ತೇನೆ. ಹೈದರಾಬಾದಿನಲ್ಲಿ ಇಂಜಿನಿಯರ್ ಆಗಿರುವ ನನ್ನ ತಂಗಿಯ ಮಗಳನ್ನು ನೋಡಲು ಬೀದರ್ ಕಡೆಯವರು ಬಂದಿದ್ದರು. ನಮ್ಮ ಕಾಲದಲ್ಲಿ ಒಂದೇ ಪ್ರಶ್ನೆ ಇತ್ತು, ರೊಟ್ಟಿ ಬಡಿಯಾಕ ಬರ್ತದೇನು. ನಾನು ಬಿ.ಎ. ಮುಗಿಸಿದ್ದೆ, ಮಾರ್ಕ್ಸ್ ಕಾರ್ಡು ಯಾರೂ ಕೇಳಿರಲಿಲ್ಲ. ಈಗ ಪಗಾರ ಎಷ್ಟು ಅಂತ ಮೊದಲು ಕೇಳಿದರು, ವರ್ಕ್ ಫ್ರಂ ಹೋಮ್ ಇದೆಯಾ ಅಂತ ಕೇಳಿದರು, ಎಲ್ಲ ಮುಗಿದು ಉಪ್ಪಿಟ್ಟಿನ ತಾಟು ಕೆಳಗೆ ಇಡುವಾಗ ಹುಡುಗನ ತಾಯಿ, "ರೊಟ್ಟಿ ಬರ್ತಾವಲ್ಲ ತಂಗಿ?" ಅಂದರು. ಹೊಸ ಪ್ರಶ್ನೆ ಸೇರಿದೆ, ಹಳೆಯದು ಹೋಗಿಲ್ಲ. ಹುಡುಗಿ "ಬರಲ್ರಿ" ಅಂದಳು, ತಲೆ ಬಗ್ಗಿಸಲೂ ಇಲ್ಲ, ಜೋರಾಗಿಯೂ ಹೇಳಲಿಲ್ಲ, ಬಸ್ಸು ಎಷ್ಟಕ್ಕಿದೆ ಅಂತ ಕೇಳಿದರೆ ಹೇಳುತ್ತಾರಲ್ಲ ಹಾಗೆ. ಪಡಸಾಲೆಯಲ್ಲಿ ಮಾತು ನಿಂತಿತು. ಆಗ ನಾನೇ ಬಾಯಿ ಹಾಕಿ, "ಕಲೀತಾಳ ಬಿಡ್ರಿ, ಅದೇನು ದೊಡ್ಡ ಮಾತು" ಅಂದೆ. ಯಾಕೆ ಅಂದೆನೋ. ಹುಡುಗನಿಗೆ ಬರುತ್ತದಾ ಅಂತ ಕೇಳುವ ಬಾಯಿ ನನಗೂ ಇತ್ತು. ದೊಡ್ಡಮ್ಮ ಅನ್ನಿಸಿಕೊಂಡವಳು ನಾನು, ಆ ಹುಡುಗಿ ಅವತ್ತು ಸಂಜೆಯವರೆಗೆ ನನ್ನ ಜೊತೆ ಸರಿಯಾಗಿ ಮಾತಾಡಲಿಲ್ಲ. ಸಂಬಂಧ ಕೂಡಲಿಲ್ಲ, ಅದಕ್ಕೆ ಕಾರಣ ಬೇರೆ.

ಹಾಗಾಗಿ ಆ ಹಿರಿಯರಿಗೆ ನಾನು ಬುದ್ಧಿ ಹೇಳುವಷ್ಟು ದೊಡ್ಡವಳಲ್ಲ. ಕೇಳುವುದು ಇಷ್ಟೇ. ನಿಮಗೆ ಆ ಸಪ್ಪಳ ಅಷ್ಟು ಬೇಕಿದ್ದರೆ ಜೋಳ, ಹಿಟ್ಟು, ಹಂಚು ಎಲ್ಲ ಇವೆ, ಕೈ ನಿಮಗೂ ಎರಡಿವೆ. ಮೊದಲ ತಿಂಗಳು ಹರಿಯುತ್ತವೆ, ನನ್ನವೂ ಹರಿದಿದ್ದವು, ಅತ್ತೆ ಅವನ್ನು ಎಮ್ಮೆಗೆ ಹಾಕುತ್ತಿದ್ದರು. ಎಳ್ಳ ಅಮಾವಾಸ್ಯೆಗೆ ರಾತ್ರಿ ಎರಡಕ್ಕೆ ಎದ್ದು ಸಜ್ಜಿ ರೊಟ್ಟಿ, ಭಜ್ಜಿ, ಕಡುಬು ಎಲ್ಲ ಮಾಡಿ ಬುಟ್ಟಿ ತುಂಬುವಾಗ ಇನ್ನೊಂದು ಕೈ ಸಿಕ್ಕರೆ ನಿಮ್ಮ ಮನೆಯಲ್ಲಿ ಯಾರೂ ಬೇಡ ಅನ್ನುವುದಿಲ್ಲ. ಆಗದಿದ್ದರೆ ಅಂಗಡಿಯ ರೊಟ್ಟಿಯನ್ನು ಬೈಯದೆ ತಿನ್ನಿ. ಅದನ್ನು ಬಡಿದವಳೂ ಯಾರದೋ ಮನೆಯವಳೇ.

ಮುಂದಿನ ವರ್ಷ ಫೆಬ್ರುವರಿಯಲ್ಲಿ ಜನಗಣತಿಯವರು ಬರುತ್ತಾರಂತೆ. ಅವತ್ತು ಪಡಸಾಲೆಯಲ್ಲಿ ನಾನು ಕೂರುತ್ತೇನೆ, ಉತ್ತರ ನಾನೇ ಹೇಳುತ್ತೇನೆ. ಚಹಾ ಮಗ ಮಾಡುತ್ತಾನೆ. ಸಕ್ಕರೆ ಡಬ್ಬಿ ಎಲ್ಲಿದೆ ಅಂತ ಈಗಲೇ ತೋರಿಸಿಟ್ಟಿದ್ದೇನೆ, ಚಹಾಪುಡಿ ಇನ್ನೂ ಹುಡುಕುತ್ತಿದ್ದಾನೆ.

ಇಂತಿ,
ನಿಮ್ಮ ಓದುಗರಲ್ಲೊಬ್ಬಳು, ಕಲಬುರಗಿ